ಸೋಲಾರ್, ಗಾಳಿ, ಬಯೋಗ್ಯಾಸ್: ವಿಜ್ಞಾನಿಯಾಗಿ ಈ ದಾರಿ ಹಿಡಿಯುವುದು ಹೇಗೆ

"ನಾನು ಸೋಲಾರ್ ಸೈಂಟಿಸ್ಟ್ ಆಗಬೇಕು, ಯಾವ ಕೋರ್ಸ್ ಸೇರಲಿ?" ಈ ಪ್ರಶ್ನೆ ನನಗೆ ವಾರಕ್ಕೆ ಒಂದಾದರೂ ಬರುತ್ತದೆ. ಬಿಎಸ್ಸಿ ಓದುವವರು, ಎಂಜಿನಿಯರಿಂಗ್ ಮೂರನೇ ವರ್ಷದವರು, ಒಮ್ಮೊಮ್ಮೆ ಪಿಯುಸಿ ಮಕ್ಕಳ ಅಪ್ಪ ಅಮ್ಮ ಕೂಡ ಕೇಳುತ್ತಾರೆ. ಆ ವಯಸ್ಸಿನಲ್ಲಿ ಇದನ್ನು ಕೇಳಲು ನನಗೆ ಯಾರೂ ಇರಲಿಲ್ಲ. ಅದಕ್ಕೇ ಗೊತ್ತಿರುವುದನ್ನೆಲ್ಲ ಒಂದೇ ಕಡೆ ಬರೆದಿಡುತ್ತಿದ್ದೇನೆ. ನಾನು ಮೊದಲು ಒಂದು ವಿಶ್ವವಿದ್ಯಾಲಯದ ಲ್ಯಾಬಿನಲ್ಲಿದ್ದೆ, ಆಮೇಲೆ ಸರ್ಕಾರಿ ಸಂಸ್ಥೆಗೆ ಬಂದೆ. ಎರಡೂ ಕಡೆ ದಿನ ಹೇಗೆ ಕಳೆಯುತ್ತದೆ ಅಂತ ಗೊತ್ತು. ಕಂಪನಿ ಕೆಲಸದ ಬಗ್ಗೆ ಇಲ್ಲಿ ಹೇಳುವುದಿಲ್ಲ, ಅದು ಬೇರೆಯೇ ದಾರಿ.

ಹೆಸರು ನೋಡಿ ಕೋರ್ಸ್ ಸೇರಬೇಡಿ

ಡಿಗ್ರಿ ಮಟ್ಟದಲ್ಲಿ "ರಿನ್ಯೂಯಬಲ್ ಎನರ್ಜಿ" ಅನ್ನುವ ಬೋರ್ಡ್ ಹುಡುಕಿಕೊಂಡು ಹೋಗಬೇಡಿ. ಒಂದು ಮೂಲ ವಿಷಯ ಹಿಡಿದು ಅದನ್ನೇ ಗಟ್ಟಿ ಮಾಡಿಕೊಳ್ಳಿ. ಪ್ಯಾನೆಲ್ ಒಳಗೆ ಏನಾಗುತ್ತದೆ ಅನ್ನುವ ಕುತೂಹಲ ಇದ್ದರೆ ಭೌತಶಾಸ್ತ್ರ. ಬ್ಯಾಟರಿ, ಹೈಡ್ರೋಜನ್ ಅಂದರೆ ರಸಾಯನಶಾಸ್ತ್ರ, ಅದರಲ್ಲೂ ಎಲೆಕ್ಟ್ರೋಕೆಮಿಸ್ಟ್ರಿ. ಇನ್ವರ್ಟರ್, ಗ್ರಿಡ್ ಅಂದರೆ ಎಲೆಕ್ಟ್ರಿಕಲ್. ಗಾಳಿಯಂತ್ರಕ್ಕೆ ಮೆಕ್ಯಾನಿಕಲ್, ಏರೋಸ್ಪೇಸ್, ಜೊತೆಗೆ ಸ್ವಲ್ಪ ಹವಾಮಾನ ಶಾಸ್ತ್ರ. ಬಯೋಗ್ಯಾಸ್, ಹೊಂಗೆ ಎಣ್ಣೆಯ ಬಯೋಡೀಸೆಲ್ ಇಂಥದ್ದಕ್ಕೆ ಮೈಕ್ರೋಬಯಾಲಜಿ, ಕೆಮಿಕಲ್ ಎಂಜಿನಿಯರಿಂಗ್ ಅಥವಾ ಕೃಷಿ ಪದವಿ.

ಹೀಗೆ ಹೇಳಲು ಕಾರಣ ಇದೆ. ಮುಂದೆ ಸರ್ಕಾರಿ ಹುದ್ದೆಯ ಜಾಹೀರಾತು ಬಂದಾಗ ಅರ್ಹತೆಯ ಜಾಗದಲ್ಲಿ ಬರೆದಿರುವುದು ಹೆಚ್ಚಾಗಿ ಈ ಮೂಲ ವಿಷಯಗಳ ಹೆಸರೇ. ನನ್ನ ಗೆಳೆಯನೊಬ್ಬನ ಡಿಗ್ರಿಗೆ ತುಂಬ ಚೆಂದದ ಹೊಸ ಹೆಸರಿತ್ತು. ಅರ್ಜಿ ಪರಿಶೀಲನೆಯಲ್ಲೇ ಅವನನ್ನು ಕೈಬಿಟ್ಟರು, ಹೆಸರು ಪಟ್ಟಿಯಲ್ಲಿಲ್ಲ ಅಂತ. ಅವನು ಓದಿದ್ದು ಯಾರಿಗೂ ಕಡಿಮೆ ಇರಲಿಲ್ಲ. ಎಂಟೆಕ್ ಅಥವಾ ಪಿಎಚ್‌ಡಿ ಮಟ್ಟದಲ್ಲಿ ಎನರ್ಜಿ ಅನ್ನುವ ಹೆಸರು ಬಂದರೆ ತೊಂದರೆ ಇಲ್ಲ, ಐಐಟಿ ಬಾಂಬೆ, ಐಐಟಿ ದೆಹಲಿಯಲ್ಲಿ ಅದಕ್ಕೇ ಒಳ್ಳೆಯ ವಿಭಾಗಗಳಿವೆ.

ನಮ್ಮಲ್ಲಿ ಈ ಕ್ಷೇತ್ರಕ್ಕೆ ತಳಪಾಯ ಹಾಕಿದವರನ್ನೇ ನೋಡಿ. 1974ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಅಸ್ತ್ರ ಎಂಬ ಗ್ರಾಮೀಣ ತಂತ್ರಜ್ಞಾನ ಕೇಂದ್ರ ಕಟ್ಟಿದ ಅಮೂಲ್ಯ ರೆಡ್ಡಿ ಎಲೆಕ್ಟ್ರೋಕೆಮಿಸ್ಟ್ರಿಯವರು. ನಿಮ್ಮ ಅಜ್ಜಿ ಮನೆಯಲ್ಲಿ ಅಸ್ತ್ರ ಒಲೆ ಇದ್ದಿದ್ದರೆ, ಆ ಹೆಸರು ಬಂದದ್ದು ಅಲ್ಲಿಂದಲೇ. ದೇಶದ ಬಿಸಿಲು ಮತ್ತು ಗಾಳಿಯ ಲೆಕ್ಕವನ್ನು ಮೊದಲ ಸಲ ಗಟ್ಟಿಯಾಗಿ ಕೂಡಿಸಿಟ್ಟ ಅಣ್ಣಾ ಮಣಿ ಶುರು ಮಾಡಿದ್ದು ಸಿ.ವಿ. ರಾಮನ್ ಅವರ ಲ್ಯಾಬಿನಲ್ಲಿ, ವಜ್ರ ಮತ್ತು ಮಾಣಿಕ್ಯದ ಬೆಳಕಿನ ಮೇಲಿನ ಸಂಶೋಧನೆಯಿಂದ.

ಅಳತೆ ಕಲಿಯಿರಿ

ಈ ಬರಹದಲ್ಲಿ ಒಂದೇ ಒಂದು ಮಾತು ನೆನಪಿಟ್ಟುಕೊಳ್ಳಿ ಅಂದರೆ ನಾನು ಹೇಳುವುದು ಇದನ್ನೇ. ಸರಿಯಾಗಿ ಅಳೆಯುವುದನ್ನು ಕಲಿಯಿರಿ. ಕಾಲೇಜಾಗಲಿ ಸರ್ಕಾರವಾಗಲಿ, ನಮ್ಮಿಂದ ಹೊರಗೆ ಹೋಗುವ ಸರಕು ಒಂದೇ. ನಂಬಬಹುದಾದ ಅಂಕಿ.

ಗಾಳಿಯನ್ನೇ ತೆಗೆದುಕೊಳ್ಳಿ. ಗಾಳಿಯಲ್ಲಿರುವ ಶಕ್ತಿ ವೇಗದ ಘನಕ್ಕೆ ತಕ್ಕಂತೆ ಏರುತ್ತದೆ. ವೇಗ ಎರಡು ಪಟ್ಟಾದರೆ ಶಕ್ತಿ ಎಂಟು ಪಟ್ಟು. ಅಂದರೆ ಚಿತ್ರದುರ್ಗದ ಗುಡ್ಡದ ಮೇಲೆ ಕಂಬ ನೆಟ್ಟು ಗಾಳಿಯ ವೇಗ ಅಳೆಯುವಾಗ ನೂರಕ್ಕೆ ಐದರಷ್ಟು ತಪ್ಪಿದರೆ, ಶಕ್ತಿಯ ಲೆಕ್ಕ ನೂರಕ್ಕೆ ಹದಿನೈದರಷ್ಟು ತಪ್ಪುತ್ತದೆ. ಆ ಲೆಕ್ಕ ನಂಬಿ ಬ್ಯಾಂಕು ಸಾಲ ಕೊಟ್ಟಿರುತ್ತದೆ, ಸರ್ಕಾರ ಯೂನಿಟ್ ದರ ಒಪ್ಪಿರುತ್ತದೆ.

ಅಣ್ಣಾ ಮಣಿಯವರ ಕಥೆ ನನಗೆ ಇಷ್ಟವಾಗುವುದು ಇದಕ್ಕೇ. ರಾಮನ್ ಲ್ಯಾಬಿನಲ್ಲಿ ಐದು ಪೇಪರ್ ಬರೆದಿದ್ದರೂ ಎಂಎಸ್ಸಿ ಇಲ್ಲ ಅನ್ನುವ ಕಾರಣಕ್ಕೆ ಮದ್ರಾಸ್ ವಿಶ್ವವಿದ್ಯಾಲಯ ಅವರಿಗೆ ಪಿಎಚ್‌ಡಿ ಕೊಡಲಿಲ್ಲ. 1945ರಲ್ಲಿ ಸ್ಕಾಲರ್‌ಶಿಪ್ ಮೇಲೆ ಲಂಡನ್ನಿಗೆ ಹೋಗಿ ಹವಾಮಾನದ ಉಪಕರಣಗಳನ್ನು ಕಲಿತರು. 1948ರಲ್ಲಿ ವಾಪಸ್ ಬಂದು ಪುಣೆಯಲ್ಲಿ ಹವಾಮಾನ ಇಲಾಖೆ ಸೇರಿದರು. ಆಗ ಉಪಕರಣಗಳು ಹೊರದೇಶದಿಂದ ಬರುತ್ತಿದ್ದವು. ಅವರು ಸುಮಾರು ನೂರು ಉಪಕರಣಗಳ ನಕ್ಷೆ ಸಿದ್ಧಪಡಿಸಿ ಇಲ್ಲೇ ಮಾಡಿಸಲು ದಾರಿ ಮಾಡಿದರು, 1957–58ರ ಹೊತ್ತಿಗೆ ದೇಶದ ಹಲವು ಕಡೆ ಸೂರ್ಯನ ವಿಕಿರಣ ಅಳೆಯುವ ಕೇಂದ್ರಗಳನ್ನು ನಿಲ್ಲಿಸಿದರು. 1976ರಲ್ಲಿ ನಿವೃತ್ತರಾದರು. ಅಲ್ಲಿಗೆ ಮುಗಿಯಲಿಲ್ಲ. ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಗೆ ಬಂದರು, 1980ರಲ್ಲಿ ಭಾರತದ ಸೌರ ವಿಕಿರಣದ ಅಂಕಿಗಳ ಕೈಪಿಡಿ ತಂದರು, ಆಮೇಲೆ ದೇಶದ ಗಾಳಿಯ ಸಮೀಕ್ಷೆಗೆ ಕೈ ಹಾಕಿದರು. ಇವತ್ತು ಎಲ್ಲಿ ಗಾಳಿಯಂತ್ರ ನಿಲ್ಲಿಸಬಹುದು ಅಂತ ಸುಲಭವಾಗಿ ಮಾತಾಡುತ್ತೇವೆ, ಅಲ್ವಾ? ಅದರ ಹಿಂದೆ ಈ ತಾಳ್ಮೆ ಇದೆ.

ಅಳತೆ ಶುರು ಮಾಡಲು ದೊಡ್ಡ ಲ್ಯಾಬ್ ಬೇಡ. ಒಂದು ಚಿಕ್ಕ ಹನ್ನೆರಡು ವೋಲ್ಟ್ ಪ್ಯಾನೆಲ್, ಒಂದು ಮಲ್ಟಿಮೀಟರ್ ಸಾಕು. ಪ್ಯಾನೆಲನ್ನು ನೆರಳಲ್ಲಿ ತಣ್ಣಗಿಟ್ಟು, ಮಧ್ಯಾಹ್ನ ತಾರಸಿಗೆ ತಂದ ಕೂಡಲೇ ಏನೂ ಜೋಡಿಸದೆ ವೋಲ್ಟೇಜ್ ನೋಡಿ. ಅರ್ಧ ಗಂಟೆ ಬಿಸಿಲಲ್ಲಿ ಬಿಟ್ಟು ಮತ್ತೆ ನೋಡಿ. ಬಿಸಿಲು ಅಷ್ಟೇ ಇದ್ದರೂ ಎರಡು ವೋಲ್ಟ್ ಆಸುಪಾಸು ಇಳಿದಿರುತ್ತದೆ. ಪ್ಯಾನೆಲ್ ಮೇಲೆ ಬರೆದಿರುವ ವಾಟ್ ಲೆಕ್ಕ 25 ಡಿಗ್ರಿಯದ್ದು. ರಾಯಚೂರಿನ ಏಪ್ರಿಲ್‌ನಲ್ಲಿ ಪ್ಯಾನೆಲ್ 60 ಡಿಗ್ರಿ ದಾಟುತ್ತದೆ, ಪ್ರತಿ ಡಿಗ್ರಿಗೂ ನೂರಕ್ಕೆ 0.3ರಿಂದ 0.4ರಷ್ಟು ಶಕ್ತಿ ಹೋಗುತ್ತದೆ. ಎಷ್ಟು ನಷ್ಟ ಅಂತ ನೀವೇ ಗುಣಿಸಿ ನೋಡಿ. ಇದನ್ನು ಒಂದು ತಿಂಗಳು ಬರೆದಿಟ್ಟು, ಪೈಥಾನ್‌ನಲ್ಲಿ ಗ್ರಾಫ್ ಮಾಡಿ, ತಪ್ಪು ಎಲ್ಲಿ ನುಸುಳಬಹುದು ಅಂತ ಎರಡು ಪುಟ ಬರೆಯಿರಿ. ಸಂದರ್ಶನದಲ್ಲಿ ಇದನ್ನು ತೋರಿಸಿದ ಹುಡುಗಿಯನ್ನು ನಾನೇ ನೋಡಿದ್ದೇನೆ, ಅಲ್ಲಿದ್ದವರೆಲ್ಲ ಮುಂದೆ ಬಾಗಿ ಕೇಳಿಸಿಕೊಂಡರು.

ನನ್ನ ಮೊದಲ ವರ್ಷದ ಒಂದು ಸಂಗತಿ ಹೇಳುತ್ತೇನೆ. ತಾರಸಿಯ ಮೇಲೆ ಬಿಸಿಲು ಅಳೆಯುವ ಪೈರನೋಮೀಟರ್ ಇತ್ತು. ಅದರ ಗಾಜಿನ ಗುಮ್ಮಟವನ್ನು ದಿನಾ ಬೆಳಿಗ್ಗೆ ಒರೆಸಬೇಕು. ಪಕ್ಕದಲ್ಲಿ ಕಟ್ಟಡ ಕೆಲಸ ನಡೆಯುತ್ತಿತ್ತು, ಒರೆಸುವ ಕೆಲಸ ಯಾರದ್ದು ಅಂತ ಯಾರೂ ಬರೆದಿಟ್ಟಿರಲಿಲ್ಲ. ಐದು ವಾರದ ಅಂಕಿ ಧೂಳಿನ ಪಾಲಾಯಿತು. ನಾನು ಅತ್ತಿದ್ದು ನಿಜ. ಆವತ್ತಿನಿಂದ ಲಾಗ್ ಪುಸ್ತಕದಲ್ಲಿ ಒರೆಸಿದ ಸಮಯ, ಒರೆಸಿದವರ ಸಹಿ ಎರಡೂ ಇರುತ್ತವೆ.

ಡಿಗ್ರಿಯಲ್ಲಿರುವಾಗಲೇ ಮಾಡಬೇಕಾದ್ದು

ಮೂರು ವಿಜ್ಞಾನ ಅಕಾಡೆಮಿಗಳು ಸೇರಿ ನಡೆಸುವ ಸಮ್ಮರ್ ರಿಸರ್ಚ್ ಫೆಲೋಶಿಪ್ ಇದೆ. ಬೇಸಿಗೆಯಲ್ಲಿ ಎಂಟು ವಾರ ಒಬ್ಬ ವಿಜ್ಞಾನಿಯ ಜೊತೆ ಕೆಲಸ ಮಾಡಬಹುದು. ಅರ್ಜಿ ಕರೆಯುವುದು ಹಿಂದಿನ ವರ್ಷದ ಕೊನೆಯಲ್ಲಿ, ಆದ್ದರಿಂದ ದಸರಾ ಮುಗಿದ ಮೇಲೆ ಅಕಾಡೆಮಿಯ ವೆಬ್‌ಸೈಟ್ ಮೇಲೆ ಕಣ್ಣಿಡಿ. ಜಿಲ್ಲಾ ಕೇಂದ್ರದ ಕಾಲೇಜಿನವರು "ನಮಗೆಲ್ಲಿ ಸಿಗುತ್ತದೆ" ಅಂತ ಹಾಕುವುದೇ ಇಲ್ಲ. ಹಾಕಿ. ಯಾಕೆ ಈ ಕೆಲಸ ಮಾಡಬೇಕು ಅಂತ ಬರೆಯುವ ಜಾಗದಲ್ಲಿ ನಿಮ್ಮ ತಾರಸಿಯ ಪ್ರಯೋಗದ ಬಗ್ಗೆ ಬರೆಯಿರಿ.

ಇಂಗ್ಲಿಷ್ ಬಗ್ಗೆ ತುಂಬ ಜನ ಹೆದರುತ್ತಾರೆ. ಕನ್ನಡ ಮಾಧ್ಯಮದಿಂದ ಬಂದ ನಾನು ಹೇಳುತ್ತಿದ್ದೇನೆ, ಪೇಪರ್ ಓದುವ ಇಂಗ್ಲಿಷ್ ಬೇರೆ, ಮಾತಾಡುವ ಇಂಗ್ಲಿಷ್ ಬೇರೆ. ಮೊದಲನೆಯದು ಆರು ತಿಂಗಳು ದಿನಾ ಒಂದು ಗಂಟೆ ಓದಿದರೆ ಬರುತ್ತದೆ. ಓದಿದ ಪೇಪರಿನ ಸಾರವನ್ನು ಕನ್ನಡದಲ್ಲಿ ಹತ್ತು ಸಾಲು ಬರೆಯಿರಿ. ಅದು ಬರೆಯಲು ಬಂದರೆ ನಿಮಗೆ ಅರ್ಥವಾಗಿದೆ ಅಂತ. ಬರದಿದ್ದರೆ ಮತ್ತೊಮ್ಮೆ ಓದಿ.

ಪರೀಕ್ಷೆಗಳು, ಮತ್ತು ಕೈಗೆ ಬರುವ ದುಡ್ಡು

ಬಿಎಸ್ಸಿ ಆದವರಿಗೆ ಎಂಎಸ್ಸಿ ಅಥವಾ ಇಂಟಿಗ್ರೇಟೆಡ್ ಪಿಎಚ್‌ಡಿಗೆ (ಎಂಎಸ್ಸಿ, ಪಿಎಚ್‌ಡಿ ಒಟ್ಟಿಗೆ) ಜ್ಯಾಮ್ ಪ್ರವೇಶ ಪರೀಕ್ಷೆ. ಎಂಜಿನಿಯರಿಂಗ್ ಆದವರಿಗೆ ಗೇಟ್, ಅದರ ಅಂಕ ಮೂರು ವರ್ಷ ನಡೆಯುತ್ತದೆ. 2026ರ ಗೇಟ್‌ನಿಂದ ಎಂಜಿನಿಯರಿಂಗ್ ಸೈನ್ಸಸ್ ಪತ್ರಿಕೆಯಲ್ಲಿ ಎನರ್ಜಿ ಸೈನ್ಸ್ ಅನ್ನುವ ವಿಭಾಗವೂ ಬಂದಿದೆ. ಎಂಎಸ್ಸಿ ಆದವರಿಗೆ ಸಿಎಸ್‌ಐಆರ್ (ಕೇಂದ್ರ ಸರ್ಕಾರದ ವೈಜ್ಞಾನಿಕ ಮತ್ತು ಕೈಗಾರಿಕಾ ಸಂಶೋಧನಾ ಮಂಡಳಿ) ನೆಟ್. ಅದರಲ್ಲಿರುವುದು ಐದೇ ವಿಷಯ: ಭೌತ, ರಸಾಯನ, ಜೀವ, ಗಣಿತ, ಭೂವಿಜ್ಞಾನ. ಎನರ್ಜಿ ಅಂತ ಬೇರೆ ಪತ್ರಿಕೆ ಇಲ್ಲ. ಮೂಲ ವಿಷಯ ಗಟ್ಟಿ ಇರಲಿ ಅಂದದ್ದು ಇಲ್ಲೂ ನೆರವಿಗೆ ಬರುತ್ತದೆ.

ನೆಟ್‌ನಲ್ಲಿ ಜೆಆರ್‌ಎಫ್, ಅಂದರೆ ಪಿಎಚ್‌ಡಿ ಮಾಡಲು ಕೊಡುವ ಫೆಲೋಶಿಪ್ ಸಿಕ್ಕಿದರೆ ಮೊದಲ ಎರಡು ವರ್ಷ ತಿಂಗಳಿಗೆ 37,000, ಆಮೇಲೆ 42,000 ರೂಪಾಯಿ, ಮನೆ ಬಾಡಿಗೆ ಭತ್ಯೆ ಬೇರೆ. ಇದು 2023ರ ಜನವರಿಯಿಂದ ಜಾರಿಗೆ ಬಂದ ದರ. ಎಂಟೆಕ್‌ನಲ್ಲಿ ಗೇಟ್ ಇದ್ದವರಿಗೆ 12,400. ಕಾಗದದ ಮೇಲೆ ಹೀಗಿದೆ, ಕೈಗೆ ಬರುವುದು ತಡವಾಗಬಹುದು. ನನಗೆ ಒಮ್ಮೆ ಐದು ತಿಂಗಳು ಬಂದಿರಲಿಲ್ಲ. ಸೇರಿದ ಮೊದಲ ದಿನದಿಂದಲೇ ತಿಂಗಳಿಗೆ ಸ್ವಲ್ಪ ಸ್ವಲ್ಪ ಎತ್ತಿಟ್ಟು, ಮೂರು ತಿಂಗಳ ಊಟ ಬಾಡಿಗೆಯಷ್ಟು ಕೂಡಿಡಿ. ಪ್ರತಿ ವರ್ಷದ ವರದಿ, ಹಾಜರಾತಿ ಕಾಗದ, ಬ್ಯಾಂಕ್ ವಿವರ ಇವನ್ನು ಕೊನೆ ದಿನಕ್ಕೆ ಬಿಡದೆ ಕಳಿಸಿ, ಪ್ರತಿ ಇಟ್ಟುಕೊಳ್ಳಿ.

ಗೈಡ್ ಆರಿಸುವುದು

ಇದು ಸಂಸ್ಥೆಗಿಂತ ಮುಖ್ಯ. ಐದು ವರ್ಷ ಇವರ ಜೊತೆ ಇರಬೇಕು. ಪ್ರೊಫೆಸರ್ ಹೆಸರು ದೊಡ್ಡದೋ ಚಿಕ್ಕದೋ ಆಮೇಲೆ ನೋಡಿ. ಮೊದಲು ಅವರ ಈಗಿನ ವಿದ್ಯಾರ್ಥಿಗಳಲ್ಲಿ ಇಬ್ಬರ ಜೊತೆ, ಮುಗಿಸಿ ಹೋದವರಲ್ಲಿ ಒಬ್ಬರ ಜೊತೆ ಫೋನಿನಲ್ಲಿ ಮಾತಾಡಿ. "ಪೇಪರ್ ಡ್ರಾಫ್ಟ್ ಕೊಟ್ಟರೆ ಎಷ್ಟು ದಿನಕ್ಕೆ ವಾಪಸ್ ಬರುತ್ತದೆ? ಯಂತ್ರ ಕೆಟ್ಟರೆ ಎಷ್ಟು ದಿನಕ್ಕೆ ರಿಪೇರಿ? ಜಾಸ್ತಿ ವರ್ಷ ಹಿಡಿದವರು ಯಾಕೆ ಹಿಡಿದರು?" ಈ ಮೂರು ಕೇಳಿದರೆ ಸಾಕು. ಉತ್ತರ ಹೇಳುವಾಗ ಧ್ವನಿ ಹೇಗಿದೆ ಅನ್ನುವುದನ್ನೂ ಗಮನಿಸಿ.

ಪತ್ರ ಬರೆಯುವಾಗ ಒಂದೇ ಮೇಲ್‌ನಲ್ಲಿ ನಲವತ್ತು ಜನರನ್ನು ಸೇರಿಸಿ ಕಳಿಸಬೇಡಿ. ಅವರ ಒಂದು ಪೇಪರ್ ನಿಜವಾಗಿ ಓದಿ, ಅದರಲ್ಲಿ ನಿಮಗೆ ಅರ್ಥವಾಗದ ಒಂದು ಜಾಗ ಹಿಡಿದು ಕೇಳಿ. ಉತ್ತರ ಬರದಿದ್ದರೆ ಹತ್ತು ದಿನ ಬಿಟ್ಟು ಒಮ್ಮೆ ನೆನಪಿಸಿ, ಆಮೇಲೆ ಮುಂದಕ್ಕೆ ಹೋಗಿ.

ಮೇಷ್ಟರ ದಾರಿ

ಪಿಎಚ್‌ಡಿ ಆದ ಮೇಲೆ ಒಂದೆರಡು ಪೋಸ್ಟ್‌ಡಾಕ್, ಅಂದರೆ ಕೆಲವು ವರ್ಷದ ತಾತ್ಕಾಲಿಕ ಸಂಶೋಧನಾ ಕೆಲಸ, ಮಾಡುವುದು ಈಗ ಹೆಚ್ಚುಕಡಿಮೆ ಕಡ್ಡಾಯದಂತೆಯೇ ಆಗಿದೆ. ದೇಶದೊಳಗೆ ಅನುಸಂಧಾನ್ ರಾಷ್ಟ್ರೀಯ ಸಂಶೋಧನಾ ಪ್ರತಿಷ್ಠಾನದ ಪೋಸ್ಟ್‌ಡಾಕ್ ಫೆಲೋಶಿಪ್ ಇದೆ, ಹೊರಗೆ ಹೋಗುವವರಿಗೆ ಜರ್ಮನಿಯ ಫ್ರೈಬುರ್ಗ್‌ನ ಫ್ರೌನ್‌ಹೋಫರ್ ಸೌರ ಸಂಸ್ಥೆಯಂಥ ಜಾಗಗಳಿವೆ. ಐಐಟಿಯಲ್ಲಿ ಪಿಎಚ್‌ಡಿ ಜೊತೆ ಮೂರು ವರ್ಷ ಅನುಭವ ಇದ್ದರೆ ಅಸಿಸ್ಟೆಂಟ್ ಪ್ರೊಫೆಸರ್ ಗ್ರೇಡ್ ಒಂದಕ್ಕೆ ಹಾಕಬಹುದು, ಮೂಲ ವೇತನ 1,01,500 ರೂಪಾಯಿಯಿಂದ. ನಮ್ಮ ರಾಜ್ಯದ ವಿಶ್ವವಿದ್ಯಾಲಯ, ಡಿಗ್ರಿ ಕಾಲೇಜುಗಳಲ್ಲಿ ಪಾಠ ಮಾಡಬೇಕು ಅನ್ನುವವರು ನೆಟ್ ಜೊತೆಗೆ ರಾಜ್ಯದ ಅರ್ಹತಾ ಪರೀಕ್ಷೆಯಾದ ಕೆ-ಸೆಟ್ ಕೂಡ ಬರೆದಿಡಿ. ಅಲ್ಲಿ ಯುಜಿಸಿ ಪ್ರಕಾರ ಮೂಲ ವೇತನ 57,700ರಿಂದ.

ರಾಜ್ಯ ವಿಶ್ವವಿದ್ಯಾಲಯದಲ್ಲಿ ಪಾಠದ ಹೊರೆ ಜಾಸ್ತಿ, ಯಂತ್ರಗಳು ಕಡಿಮೆ. ಆದರೂ ಅಲ್ಲಿ ಒಳ್ಳೆಯ ಕೆಲಸ ಆಗುತ್ತದೆ. ಕೋಟಿ ರೂಪಾಯಿಯ ಯಂತ್ರ ಬೇಕಾದ ಸಮಸ್ಯೆಯ ಹಿಂದೆ ಹೋಗದೆ ನಿಮ್ಮ ಜಿಲ್ಲೆಯಲ್ಲೇ ಇರುವ ಸಮಸ್ಯೆ ಹಿಡಿಯಿರಿ. ಧೂಳು ಕೂತ ಪ್ಯಾನೆಲ್ ಎಷ್ಟು ದಿನಕ್ಕೆ ತೊಳೆದರೆ ಲಾಭ? ಕರಾವಳಿಯ ಉಪ್ಪುಗಾಳಿಗೆ ಪ್ಯಾನೆಲ್ ಫ್ರೇಮ್ ಎಷ್ಟು ಬೇಗ ಹಾಳಾಗುತ್ತದೆ? ಸೋಲಾರ್ ಪಂಪ್‌ಸೆಟ್ ಬಂದ ಮೇಲೆ ಬೋರ್‌ವೆಲ್ ನೀರು ಎಷ್ಟು ಇಳಿಯಿತು? ಇಂಥದ್ದಕ್ಕೆ ಬೆಂಗಳೂರಿನವರಿಗಿಂತ ನೀವು ಹತ್ತಿರ ಇದ್ದೀರಿ. ಐಐಟಿ ಬಾಂಬೆಯಲ್ಲಿ 2010ರಲ್ಲಿ ಶುರುವಾದ ರಾಷ್ಟ್ರೀಯ ಫೋಟೊವೋಲ್ಟಾಯಿಕ್ ಕೇಂದ್ರದವರು ದೇಶದ ಬೇರೆ ಬೇರೆ ಹವೆಯ ಜಾಗಗಳಿಗೆ ಹೋಗಿ, ಹಳೆಯ ಪ್ಯಾನೆಲ್‌ಗಳು ಹೇಗೆ ಸವೆದಿವೆ ಅಂತ ಪರೀಕ್ಷಿಸಿದ ಸಮೀಕ್ಷೆಗಳು ಈ ಥರದ ಕೆಲಸಕ್ಕೆ ಒಳ್ಳೆಯ ಮಾದರಿ.

ಸರ್ಕಾರದ ದಾರಿ

ಇಲ್ಲಿ ಜನಕ್ಕೆ ಗೊಂದಲ ಜಾಸ್ತಿ, ಅದಕ್ಕೆ ಸ್ವಲ್ಪ ಬಿಡಿಸಿ ಹೇಳುತ್ತೇನೆ. ದೆಹಲಿಯಲ್ಲಿರುವ ಹೊಸ ಮತ್ತು ನವೀಕರಿಸಬಹುದಾದ ಇಂಧನ ಸಚಿವಾಲಯ 1982ರಲ್ಲಿ ಒಂದು ಇಲಾಖೆಯಾಗಿ ಶುರುವಾಗಿ, 1992ರಲ್ಲಿ ಸಚಿವಾಲಯವಾಯಿತು. ಅದರ ಕೆಳಗೆ ಮೂರು ತಾಂತ್ರಿಕ ಸಂಸ್ಥೆಗಳಿವೆ. ಗುರುಗ್ರಾಮದ ಹತ್ತಿರ ಗ್ವಾಲ್ ಪಹಾಡಿಯಲ್ಲಿ ಸೌರಶಕ್ತಿಗೆ, ಚೆನ್ನೈಯಲ್ಲಿ ಗಾಳಿಗೆ, ಪಂಜಾಬಿನ ಕಪೂರ್ಥಲಾದಲ್ಲಿ ಜೈವಿಕ ಇಂಧನಕ್ಕೆ. ಇವುಗಳ ಜೊತೆಗೆ ಸಿಎಸ್‌ಐಆರ್ ಲ್ಯಾಬ್‌ಗಳು: ಬ್ಯಾಟರಿಗೆ ಕಾರೈಕುಡಿ, ಸೌರಕೋಶದ ಅಳತೆಗೆ ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯ (ಎನ್‌ಪಿಎಲ್), ಬಯೋಇಂಧನಕ್ಕೆ ಡೆಹ್ರಾಡೂನ್. ಬೆಂಗಳೂರಿನಲ್ಲೇ ಇರುವ ಕೇಂದ್ರೀಯ ವಿದ್ಯುತ್ ಸಂಶೋಧನಾ ಸಂಸ್ಥೆ (ಸಿಪಿಆರ್‌ಐ) ವಿದ್ಯುತ್ ಸಚಿವಾಲಯದ್ದು, 1960ರಿಂದ ಇದೆ. ಕರ್ನಾಟಕದ ಕ್ರೆಡಲ್ ಅನ್ನು ಕೆಲವರು ಸಂಶೋಧನಾ ಸಂಸ್ಥೆ ಅಂದುಕೊಂಡಿರುತ್ತಾರೆ. ಅದು ಯೋಜನೆಗಳನ್ನು ಜಾರಿಗೆ ತರುವ ರಾಜ್ಯ ಸರ್ಕಾರದ ಕಂಪನಿ.

ಇಲ್ಲಿ ಹುದ್ದೆಗಳ ಹೆಸರು ಸೈಂಟಿಸ್ಟ್ ಬಿ, ಸಿ, ಡಿ ಹೀಗೆ ಹೋಗುತ್ತದೆ. ಬಿ ಅಂದರೆ ಏಳನೇ ವೇತನ ಆಯೋಗದ ಲೆಕ್ಕದಲ್ಲಿ ಮೂಲ ವೇತನ 56,100, ಸಿ ಅಂದರೆ 67,700. ಒಂದು ಒಳ್ಳೆಯ ಅಂಶ ಇದೆ. ವಿಜ್ಞಾನಿಗಳ ಬಡ್ತಿಗೆ ಮೇಲಿನ ಕುರ್ಚಿ ಖಾಲಿ ಆಗಲಿ ಅಂತ ಕಾಯಬೇಕಿಲ್ಲ, ಇಷ್ಟು ವರ್ಷ ಆದ ಮೇಲೆ ನಿಮ್ಮ ಕೆಲಸವನ್ನೇ ನೋಡಿ ಕೊಡುತ್ತಾರೆ. ವಯಸ್ಸಿನ ಮಿತಿ ಮಾತ್ರ ಕಟ್ಟುನಿಟ್ಟು. ಸಿಎಸ್‌ಐಆರ್ ವಿಜ್ಞಾನಿ ಹುದ್ದೆಗೆ ಸಾಮಾನ್ಯ ವರ್ಗದವರಿಗೆ 32 ವರ್ಷ. ಪಿಎಚ್‌ಡಿ ಏಳು ವರ್ಷ ಎಳೆದರೆ ಬಾಗಿಲು ಮುಚ್ಚಿರುತ್ತದೆ. ಜಾತಿ ಪ್ರಮಾಣಪತ್ರ ಕೇಂದ್ರ ಸರ್ಕಾರದ ನಮೂನೆಯಲ್ಲೇ ಇರಬೇಕು, ರಾಜ್ಯದ ನಮೂನೆ ಅಲ್ಲ. ಈ ಒಂದೇ ಕಾರಣಕ್ಕೆ ಅರ್ಜಿ ಬಿದ್ದುಹೋದವರನ್ನು ನೋಡಿ ತುಂಬ ಬೇಸರವಾಗಿದೆ.

ಹುದ್ದೆಗಳು ಯಾವಾಗಲೂ ಖಾಲಿ ಇರುವುದಿಲ್ಲ. ಮಧ್ಯೆ ಪ್ರಾಜೆಕ್ಟ್ ಅಸೋಸಿಯೇಟ್ ಆಗಿ ಒಳಗೆ ಹೋಗಬಹುದು. ಒಂದು ವರ್ಷ, ಎರಡು ವರ್ಷದ ಕೆಲಸ. ಖಾಯಂ ಆಗುತ್ತದೆ ಅಂತ ಯಾರಾದರೂ ಬಾಯಿಮಾತಿನಲ್ಲಿ ಹೇಳಿದರೆ ನಂಬಬೇಡಿ. ಕೆಲಸ ಕಲಿಯಲು, ಜನರನ್ನು ಅರಿಯಲು ಮಾತ್ರ ಹೋಗಿ.

ಕೆಲಸ ಏನು ಅಂತ ಕೇಳುತ್ತೀರಾ? ನನ್ನ ಅನುಭವದಲ್ಲಿ ಅರ್ಧ ಪರೀಕ್ಷೆ, ಅರ್ಧ ಫೈಲು. ಒಂದು ಪ್ಯಾನೆಲ್ ಮಾದರಿಯನ್ನು 85 ಡಿಗ್ರಿ ಬಿಸಿ, ನೂರಕ್ಕೆ 85ರಷ್ಟು ತೇವದಲ್ಲಿ 1000 ಗಂಟೆ ಇಡುವ ಪರೀಕ್ಷೆ ಇದೆ. ಹತ್ತಿರ ಹತ್ತಿರ 42 ದಿನ. ಆ 42 ದಿನ ಕರೆಂಟು ಹೋಗದಂತೆ, ಉಷ್ಣತೆ ಆಚೀಚೆ ಆಗದಂತೆ ಕಾಯಬೇಕು. ಹೊರಗಿನವರಿಗೆ ಇದು ನೀರಸ ಅನ್ನಿಸಬಹುದು. ಆದರೆ ಸಾಲ ಮಾಡಿ ಸೋಲಾರ್ ಪಂಪು ಹಾಕಿಸುವ ರೈತ ಆ ಪ್ಯಾನೆಲ್ 25 ವರ್ಷ ಬಾಳುತ್ತದೆ ಅಂತ ನಂಬುವುದು ಇಂಥ ಪರೀಕ್ಷೆಗಳ ಬಲದ ಮೇಲೆ. ನನಗಂತೂ ಪೇಪರ್ ಅಚ್ಚಾದಾಗ ಆದದ್ದಕ್ಕಿಂತ ಜಾಸ್ತಿ ತೃಪ್ತಿ, ಒಂದು ಕೆಟ್ಟ ಮಾದರಿಯನ್ನು ತಡೆದಾಗ ಆಗಿದೆ.

ಫೈಲು ಬರೆಯುವುದೂ ಒಂದು ವಿದ್ಯೆ. ಟಿಪ್ಪಣಿ ಒಂದು ಪುಟ ಮೀರಬಾರದು. ಏನು ಬೇಕು, ಯಾಕೆ ಬೇಕು, ಎಷ್ಟು ಖರ್ಚು, ಯಾವ ನಿಯಮದಡಿ. ಖರೀದಿಗೆ ಜೆಮ್ ಪೋರ್ಟಲ್, ಟೆಂಡರ್, ಖರ್ಚಾದ ಮೇಲೆ ದುಡ್ಡು ಹೇಗೆ ಬಳಕೆಯಾಯಿತು ಅಂತ ತೋರಿಸುವ ಯುಟಿಲೈಸೇಷನ್ ಸರ್ಟಿಫಿಕೇಟ್. ಇದನ್ನು ಕಲಿಸುವವರು ನಿಮ್ಮ ನಿರ್ದೇಶಕರಲ್ಲ, ಸೆಕ್ಷನ್‌ನಲ್ಲಿ ಇಪ್ಪತ್ತು ವರ್ಷದಿಂದ ಕೂತಿರುವ ಕ್ಲರ್ಕ್. ಅವರ ಪಕ್ಕ ಕೂತು ಕಲಿಯಿರಿ.

ಜನರ ಹತ್ತಿರ ಹೋಗಿ

ಕುಣಿಗಲ್ ತಾಲ್ಲೂಕಿನ ಪುರ ಎಂಬ ಹಳ್ಳಿಯಲ್ಲಿ ಅಸ್ತ್ರದವರು ಮೊದಲು ಅಡುಗೆಗೆ ಅಂತ ಸಮುದಾಯದ ಬಯೋಗ್ಯಾಸ್ ಕಟ್ಟಿದರು. ನಡೆಯಲಿಲ್ಲ. ಎಲ್ಲರ ಮನೆಯ ಅಡುಗೆಗೆ ಸಾಲುವಷ್ಟು ಸಗಣಿಯೇ ಇರಲಿಲ್ಲ. ಜನರ ಹತ್ತಿರ ಕೂತು ಮಾತಾಡಿದಾಗ ಅವರಿಗೆ ಬೇಕಾದದ್ದು ಕುಡಿಯುವ ನೀರು ಮತ್ತು ದೀಪ ಅಂತ ಗೊತ್ತಾಯಿತು. 1987ರಲ್ಲಿ ಅದೇ ಗ್ಯಾಸಿನಿಂದ ಎಂಜಿನ್ ಓಡಿಸಿ ಕರೆಂಟು ತೆಗೆದು, ಬೋರ್‌ವೆಲ್ ನೀರು ಎತ್ತಿ, ಮನೆಗಳಿಗೆ ದೀಪ ಕೊಟ್ಟರು. ಸಗಣಿ ತಂದವರಿಗೆ ಗೊಬ್ಬರ ವಾಪಸ್. ಆಗ ನಡೆಯಿತು. ತಾಂತ್ರಿಕವಾಗಿ ಮೊದಲನೆಯದೂ ಸರಿಯೇ ಇತ್ತು, ಕೇಳಿದ ಪ್ರಶ್ನೆ ಬದಲಾಗಬೇಕಿತ್ತು ಅಷ್ಟೇ.

ಅದಕ್ಕೇ ನಿಮ್ಮ ಪಿಎಚ್‌ಡಿಯ ವಿಷಯ ಎಷ್ಟೇ ಸೂಕ್ಷ್ಮದ್ದಾಗಿರಲಿ, ವರ್ಷಕ್ಕೆ ಒಂದು ವಾರ ಲ್ಯಾಬ್ ಬಿಟ್ಟು ಹೊರಗೆ ಹೋಗಿ. ಪಾವಗಡದ 2050 ಮೆಗಾವ್ಯಾಟ್ ಸೋಲಾರ್ ಪಾರ್ಕ್ ನೋಡಿ. ಅಲ್ಲಿ ಸುಮಾರು 13,000 ಎಕರೆ ಜಮೀನನ್ನು ರೈತರಿಂದ ಕೊಳ್ಳದೆ ಗುತ್ತಿಗೆಗೆ ಪಡೆದಿದ್ದಾರೆ. ಬಾಡಿಗೆ ಬರುವವರ ಹತ್ತಿರವೂ ಮಾತಾಡಿ, ಜಮೀನಿಲ್ಲದೆ ಕೂಲಿ ಕಳೆದುಕೊಂಡವರ ಹತ್ತಿರವೂ ಮಾತಾಡಿ. ಸಬ್‌ಸ್ಟೇಷನ್ನಿನ ಎಂಜಿನಿಯರ್ ಹತ್ತಿರ ಕೂತು, ಸಂಜೆ ಸೂರ್ಯ ಇಳಿದು ಮನೆಗಳ ಲೋಡ್ ಏರುವ ಹೊತ್ತಿನಲ್ಲಿ ಗ್ರಿಡ್ ಹೇಗೆ ನಿಭಾಯಿಸುತ್ತಾರೆ ನೋಡಿ. ಬ್ಯಾಟರಿ ಸಂಶೋಧನೆ ಯಾಕೆ ಬೇಕು ಅಂತ ನೂರು ಪೇಪರ್ ಹೇಳುವುದನ್ನು ಆ ಒಂದು ಗಂಟೆ ಹೇಳುತ್ತದೆ.

ಮನೆಯಲ್ಲಿ ಮೊದಲೇ ಹೇಳಿ

ಕೊನೆಯದಾಗಿ ಒಂದು ವಿಷಯ, ಇದನ್ನು ಯಾರೂ ಹೇಳುವುದಿಲ್ಲ. ಈ ದಾರಿಯಲ್ಲಿ ಖಾಯಂ ಸಂಬಳ ಬರುವಾಗ ನಿಮಗೆ ಮೂವತ್ತರ ಆಸುಪಾಸು ಆಗಿರುತ್ತದೆ. ಜೊತೆಗೆ ಓದಿದವರು ಅಷ್ಟರಲ್ಲಿ ಮನೆ ಕಟ್ಟಿಸಿರುತ್ತಾರೆ. ನೆಂಟರು ಮದುವೆ ಮನೆಯಲ್ಲಿ "ಇನ್ನೂ ಓದ್ತಾ ಇದಾನಾ?" ಅಂತ ಕೇಳುತ್ತಾರೆ. ಹೆಣ್ಣುಮಕ್ಕಳಿಗೆ ಇದು ಇನ್ನೂ ಕಷ್ಟ. ಸುಮ್ನೆ ಕೊರಗುವ ಬದಲು, ಸೇರುವ ಮೊದಲೇ ಅಪ್ಪ ಅಮ್ಮನ ಜೊತೆ ಕೂತು ಒಂದು ಹಾಳೆಯ ಮೇಲೆ ಬರೆದು ತೋರಿಸಿ: ಈ ವರ್ಷದಿಂದ ಈ ವರ್ಷದವರೆಗೆ ಇಷ್ಟು ಫೆಲೋಶಿಪ್, ಮನೆಗೆ ಇಷ್ಟು ಕಳಿಸಬಲ್ಲೆ, ಇಷ್ಟು ಕಳಿಸಲಾರೆ, ಈ ವಯಸ್ಸಿನೊಳಗೆ ಹುದ್ದೆ ಸಿಗದಿದ್ದರೆ ಪಾಠ ಮಾಡಲು ಹೋಗುತ್ತೇನೆ. ನನ್ನ ಅಮ್ಮ ಆ ಹಾಳೆಯನ್ನು ದೇವರ ಮನೆಯ ಗೂಡಿನಲ್ಲಿ ಇಟ್ಟುಕೊಂಡಿದ್ದರು. ಯಾರಾದರೂ ಕೇಳಿದರೆ ಅದನ್ನೇ ತೆಗೆದು ತೋರಿಸುತ್ತಿದ್ದರು.